ರೋಮ್‌ನಲ್ಲಿ ಸಸ್ಯಾಹಾರಿ ಫುಡ್ ವಾಕ್: ಮೂರು ದಾರಿ ನೋಡಿದ ಮೇಲೆ ನನ್ನ ಆಯ್ಕೆ

ರೋಮ್‌ಗೆ ಹೊರಟ ಸಸ್ಯಾಹಾರಿಗಳು ಊರಿನ ತಿಂಡಿ ತಿನ್ನುತ್ತಾ ಊರು ನೋಡಬೇಕು ಅಂದರೆ ಮೂರು ದಾರಿ ಇವೆ. ಒಂದು, ಪೂರ್ತಿ ಸಸ್ಯಾಹಾರಿ ಫುಡ್ ವಾಕ್. ಇನ್ನೊಂದು, ಎಲ್ಲರಿಗೂ ಅಂತ ಇರುವ ಮಾಮೂಲಿ ಫುಡ್ ಟೂರ್. ಅದರ ವಿವರದ ಕೊನೆಯಲ್ಲಿ ‘ವೆಜ್ ವ್ಯವಸ್ಥೆ ಇದೆ’ ಅಂತ ಒಂದು ಸಾಲು ಇರುತ್ತದೆ. ಮೂರನೆಯದು, ಫೋನಿನಲ್ಲಿ ಮ್ಯಾಪ್ ಹಾಕಿಕೊಂಡು ನಾವೇ ಸುತ್ತುವುದು. ನಾವು ಮೂರನ್ನೂ ಮಾಡಿದೆವು. ನನ್ನ ಓಟು ಪೂರ್ತಿ ಸಸ್ಯಾಹಾರಿ ವಾಕಿಗೆ. ಮೂರರಲ್ಲಿ ದುಬಾರಿ ಅದೇ. ಆದರೂ ಅದಕ್ಕೇ.

ಯಾರ ನಾಲಿಗೆಯಿಂದ ಈ ಮಾತು ಬರುತ್ತಿದೆ ಅನ್ನುವುದೂ ಮುಖ್ಯ ಅಲ್ವಾ? ನಾನು, ನನ್ನ ಗಂಡ, ನಮ್ಮ ಅತ್ತೆ ಹೋಗಿದ್ದು. ಗಂಡ ಮೊಟ್ಟೆ ತಿನ್ನುತ್ತಾರೆ. ನಾನು ಕೇಕಿನಲ್ಲಿದ್ದರೆ ಕೇಳಲು ಹೋಗುವುದಿಲ್ಲ. ಅತ್ತೆಗೆ ಮೊಟ್ಟೆಯ ವಾಸನೆಯೂ ಆಗದು. ಅನುಮಾನ ಬಂದರೆ ತಟ್ಟೆ ಪಕ್ಕಕ್ಕಿಟ್ಟು ನೀರು ಕುಡಿದು ಎದ್ದುಬಿಡುತ್ತಾರೆ, ಯಾರಿಗೂ ತೊಂದರೆ ಕೊಡುವುದಿಲ್ಲ. ಅವರು ಹಾಗೆ ಹಸಿದುಕೊಂಡು ಎದ್ದಾಗ ನನಗೆ ಆಗುವ ಸಂಕಟ ಈ ಹೋಲಿಕೆಯಲ್ಲಿ ಸೇರಿಕೊಂಡಿದೆ. ನೀವು ಮೊಟ್ಟೆ ತಿನ್ನುವವರಾಗಿ, ಚೀಸ್ ಹೇಗೆ ಮಾಡಿದ್ದು ಅಂತ ಕೇಳದವರಾಗಿದ್ದರೆ ನಿಮ್ಮ ತೀರ್ಮಾನ ಬೇರೆ ಇರಬಹುದು.

ಮೊದಲು ಮಾಮೂಲಿ ಟೂರಿನ ಕಥೆ. ನಾವು ಹೋದದ್ದು ತೆಸ್ತಾಚೊ ಬಡಾವಣೆಗೆ. ರೋಮ್‌ನ ದೊಡ್ಡ ಕಸಾಯಿಖಾನೆ ಇದ್ದ ಜಾಗ ಅದು. ಹತ್ತೊಂಬತ್ತನೇ ಶತಮಾನದ ಕೊನೆಗೆ ಕಟ್ಟಿದ್ದು, 1975ರ ತನಕ ನಡೆಯಿತು. ಒಳ್ಳೆಯ ಮಾಂಸ ಉಳ್ಳವರ ಮನೆಗೆ ಹೋದ ಮೇಲೆ ಉಳಿಯುತ್ತಿದ್ದ ಕರುಳು, ಬಾಲ, ನಾಲಿಗೆಯಲ್ಲಿ ಕೆಲಸಗಾರರ ಮನೆಯವರು ಕಟ್ಟಿದ ಅಡುಗೆಯೇ ಇವತ್ತು ಆ ಬಡಾವಣೆಯ ಹೆಮ್ಮೆ. ಗೈಡ್ ಇದನ್ನು ಚೆನ್ನಾಗಿ ಹೇಳಿದಳು. ಬಡವರು ಊರಿನ ರುಚಿಯನ್ನು ರೂಪಿಸಿದ ಕಥೆ ಕೇಳಲು ನನಗೂ ಇಷ್ಟವೇ. ಆದರೆ ಪ್ರತಿ ಅಂಗಡಿಯಲ್ಲೂ ಕಥೆ ಮುಗಿಯುವುದು ಒಂದು ತಟ್ಟೆ ಮಾಂಸದಲ್ಲಿ. ಆಗ ಗೈಡ್ ನಮ್ಮ ಕಡೆ ತಿರುಗಿ, ನಗುಮುಖದಿಂದಲೇ, ಒಂದು ತುಂಡು ಬ್ರೆಡ್ಡು ಮತ್ತು ಚೀಸ್ ಕೊಡುತ್ತಿದ್ದಳು. ಮುಂದಿನ ಅಂಗಡಿಯಲ್ಲೂ ಚೀಸ್. ಅದರ ಮುಂದೆಯೂ ಚೀಸ್.

ಅಲ್ಲಿಂದ ನಾಲ್ಕು ಹೆಜ್ಜೆ ನಡೆದರೆ ಮಾಂತೆ ತೆಸ್ತಾಚೊ. ಸುಮಾರು 35 ಮೀಟರ್ ಎತ್ತರದ ಗುಡ್ಡ. ಮಣ್ಣಿನ ಗುಡ್ಡ ಅಲ್ಲ, ಒಡೆದ ಎಣ್ಣೆ ಗಡಿಗೆಗಳ ಗುಡ್ಡ! ಎರಡು ಸಾವಿರ ವರ್ಷದ ಹಿಂದೆ ಸ್ಪೇನ್‌ನಿಂದ, ಉತ್ತರ ಆಫ್ರಿಕಾದಿಂದ ಹಡಗಿನಲ್ಲಿ ಆಲಿವ್ ಎಣ್ಣೆ ಬರುತ್ತಿತ್ತು. ಎಣ್ಣೆ ಹೀರಿದ ಗಡಿಗೆಯನ್ನು ಇನ್ನೊಂದಕ್ಕೆ ಬಳಸಲು ಆಗದು, ಕಮಟು ವಾಸನೆ ಬರುತ್ತದೆ. ಹಾಗಾಗಿ ಒಡೆದು, ಅಚ್ಚುಕಟ್ಟಾಗಿ ಸಾಲಾಗಿ ಪೇರಿಸಿ, ವಾಸನೆ ತಡೆಯಲು ಮೇಲೆ ಸುಣ್ಣ ಚೆಲ್ಲಿದರು. ಕೆಲವು ಚೂರುಗಳ ಮೇಲೆ ತೂಕ, ವ್ಯಾಪಾರಿಯ ಹೆಸರು ಮಸಿಯಲ್ಲಿ ಬರೆದದ್ದು ಇನ್ನೂ ಇದೆ. ಇಡೀ ಬಡಾವಣೆಯಲ್ಲಿ ನಮ್ಮಂಥವರಿಗೆ ಹೇಳಿ ಮಾಡಿಸಿದ ಜಾಗ ಇದು. ಅದನ್ನು ದೂರದಿಂದ ಕೈ ತೋರಿಸಿ, ಎರಡು ಮಾತು ಹೇಳಿ ಮುಂದೆ ಕರೆದುಕೊಂಡು ಹೋದರು. ನನಗೆ ಅತಿ ಹೆಚ್ಚು ಬೇಸರ ಆದದ್ದು ಅಲ್ಲಿ. ಟೂರಿನ ಕಥೆಯನ್ನೇ ಮಾಂಸದ ಸುತ್ತ ಹೆಣೆದಿದ್ದರೆ ನಮ್ಮ ತಟ್ಟೆ ಬದಲಿಸಿ ಏನೂ ಪ್ರಯೋಜನ ಇಲ್ಲ.

ಈಗ ಚೀಸಿನ ವಿಷಯ. ಇದನ್ನು ಸ್ವಲ್ಪ ಬಿಡಿಸಿಯೇ ಹೇಳಬೇಕು, ಯಾಕೆಂದರೆ ಇಟಲಿಗೆ ಹೋಗುವ ನಮ್ಮವರು ಹೆಚ್ಚಿನವರಿಗೆ ಇದು ಗೊತ್ತಿರುವುದಿಲ್ಲ.

ಹಾಲು ಗಟ್ಟಿಯಾಗಿ ಚೀಸ್ ಆಗಲು ರೆನೆಟ್ ಹಾಕುತ್ತಾರೆ. ಹಳೆಯ ಕ್ರಮದಲ್ಲಿ ಅದು ಬರುವುದು ಇನ್ನೂ ಹಾಲು ಕುಡಿಯುವ ಕರುವಿನ ಅಥವಾ ಕುರಿಮರಿಯ ಹೊಟ್ಟೆಯಿಂದ. ಮರಿಯನ್ನು ಕೊಂದ ಮೇಲೆಯೇ ಅದು ಸಿಗುವುದು. ರೋಮ್‌ನ ಅಡುಗೆಯ ಜೀವಾಳ ಪೆಕೊರಿನೊ ರೊಮಾನೊ ಎಂಬ ಕುರಿಹಾಲಿನ ಚೀಸ್. ಅದಕ್ಕೆ ಡಿಒಪಿ ಮುದ್ರೆ ಇದೆ, ಇಂಥ ಕಡೆಯದು, ಇಂಥ ಕ್ರಮದಲ್ಲೇ ಮಾಡಿದ್ದು ಅನ್ನುವ ಗುರುತು, ನಮ್ಮ ಜಿಐ ಮುದ್ರೆಯ ಜಾತಿಯದು. ಆ ಮುದ್ರೆಯ ನಿಯಮದಲ್ಲೇ ಕುರಿಮರಿಯ ರೆನೆಟ್ ಬಳಸಬೇಕು ಅಂತ ಇದೆ. ಪಾರ್ಮಿಜಾನೊ ರೆಜ್ಜಾನೊ ಎಂಬ ಇನ್ನೊಂದು ಹೆಸರಾಂತ ಚೀಸಿಗೆ ಕರುವಿನ ರೆನೆಟ್. ಅಂದರೆ ಅಸಲಿ ಪೆಕೊರಿನೊ ರೊಮಾನೊ, ಅಸಲಿ ಪಾರ್ಮಿಜಾನೊ ಯಾವತ್ತೂ ಪೂರ್ತಿ ಸಸ್ಯಾಹಾರಿ ಅಲ್ಲ. ಹೋಟೆಲ್ ಎಷ್ಟೇ ಒಳ್ಳೆಯದಿರಲಿ, ಮಾಣಿ ಎಷ್ಟೇ ಪ್ರಾಮಾಣಿಕನಾಗಿರಲಿ.

ರೋಮ್‌ನ ನಾಲ್ಕು ಪ್ರಸಿದ್ಧ ಪಾಸ್ತಾಗಳಲ್ಲಿ ಕಾರ್ಬೊನಾರ, ಅಮಾತ್ರಿಚಾನ, ಗ್ರೀಚ ಮೂರರಲ್ಲೂ ಹಂದಿ ಕೆನ್ನೆಯ ಮಾಂಸ ಇರುತ್ತದೆ. ಉಳಿದದ್ದು ಕಾಚೊ ಎ ಪೆಪೆ ಒಂದೇ, ಬರೀ ಚೀಸ್ ಮತ್ತು ಕರಿಮೆಣಸು. ಎಲ್ಲ ಪ್ರವಾಸ ಪುಸ್ತಕಗಳೂ ಅದನ್ನೇ ಸಸ್ಯಾಹಾರಿಗಳಿಗೆ ತೋರಿಸುತ್ತವೆ. ಆ ಚೀಸ್ ಯಾವುದು? ಪೆಕೊರಿನೊ ರೊಮಾನೊ.

ನಮ್ಮ ದೇಶದಲ್ಲಿ ಪ್ಯಾಕೆಟ್ ಮೇಲೆ ಹಸಿರು ಚುಕ್ಕೆ ನೋಡಿ ನಿಶ್ಚಿಂತೆಯಿಂದ ಬುಟ್ಟಿಗೆ ಹಾಕುತ್ತೇವೆ. ಅದು ಕಾನೂನು. ಯುರೋಪಿನಲ್ಲಿ ಅಂಥ ಕಡ್ಡಾಯದ ಗುರುತು ಇಲ್ಲ. ಅಲ್ಲಿ ಇರುವುದು ಅಲರ್ಜಿಯ ಕಾನೂನು. 2014ರ ಕೊನೆಯಿಂದ ಹೋಟೆಲ್‌ಗಳೂ 14 ಬಗೆಯ ಪದಾರ್ಥಗಳ ಬಗ್ಗೆ ಗಿರಾಕಿಗೆ ತಿಳಿಸಬೇಕು. ಮೊಟ್ಟೆ, ಮೀನು, ಹಾಲು, ಗೋಧಿ ಎಲ್ಲ ಆ ಪಟ್ಟಿಯಲ್ಲಿವೆ. ಇದು ನಮಗೆ ತುಂಬಾ ಉಪಯೋಗಕ್ಕೆ ಬಂತು. ಮೆನುವಿನ ಕೊನೆಯ ಪುಟದಲ್ಲಿ ನಂಬರುಗಳ ಪಟ್ಟಿ ಇದ್ದರೆ ಯಾವ ತಿಂಡಿಗೆ ಮೊಟ್ಟೆಯ ನಂಬರ್, ಯಾವುದಕ್ಕೆ ಮೀನಿನ ನಂಬರ್ ಅಂತ ನೋಡಿಕೊಳ್ಳಬಹುದು. ಆದರೆ ಹಂದಿ ಕೊಬ್ಬು ಆ ಪಟ್ಟಿಯಲ್ಲಿಲ್ಲ. ಮಾಂಸದ ಸಾರೂ ಇಲ್ಲ. ರೆನೆಟ್ ಯಾವುದು ಅನ್ನುವುದೂ ಇಲ್ಲ. ಅವನ್ನು ಬಾಯಿಬಿಟ್ಟು ಕೇಳಿಯೇ ತಿಳಿಯಬೇಕು.

ಮಾಮೂಲಿ ಟೂರಿನಲ್ಲಿ ಕೇಳಿದೆ. ಗೈಡ್‌ಗೆ ನನ್ನ ಪ್ರಶ್ನೆ ಅರ್ಥವಾಗಲು ಸ್ವಲ್ಪ ಹೊತ್ತು ಹಿಡಿಯಿತು. ಅರ್ಥವಾದ ಮೇಲೆ ಅಂಗಡಿಯವರನ್ನು ಕೇಳಿ ಬಂದು, ‘ಕುರಿಮರಿಯದೇ’ ಅಂದಳು. ಅಷ್ಟರಲ್ಲಿ ನಾವು ಮೂರು ಅಂಗಡಿಯ ಚೀಸ್ ತಿಂದಾಗಿತ್ತು. ಅತ್ತೆ ಏನೂ ಹೇಳಲಿಲ್ಲ. “ಇರಲಿ ಬಿಡಮ್ಮ, ಗೊತ್ತಿಲ್ಲದೆ ಆಯಿತು” ಅಂದರು. ಆಮೇಲೆ ಸಂಜೆಯ ತನಕ ಏನೂ ಮುಟ್ಟಲಿಲ್ಲ. ದುಡ್ಡು ಕೊಟ್ಟವರ ಊಟದ ಬಗ್ಗೆ ಮೊದಲೇ ಕೇಳಿ ತಿಳಿದುಕೊಳ್ಳದೆ ‘ವೆಜ್ ವ್ಯವಸ್ಥೆ ಇದೆ’ ಅಂತ ಬರೆಯಬಾರದು. ಈ ಮಾತನ್ನು ಆ ಕಂಪನಿಗೂ ಬರೆದು ಕಳಿಸಿದ್ದೇನೆ.

ಸಸ್ಯಾಹಾರಿ ವಾಕಿನವರಿಂದ ಟಿಕೆಟ್ ಕೊಂಡ ಕೂಡಲೇ ಒಂದು ಮೇಲ್ ಬಂತು. ಮೊಟ್ಟೆ ತಿನ್ನುತ್ತೀರಾ? ಪ್ರಾಣಿ ರೆನೆಟ್ ಆಗುತ್ತದಾ? ಈರುಳ್ಳಿ ಬೆಳ್ಳುಳ್ಳಿ? ಯಾರಿಗಾದರೂ ಮಂಡಿನೋವು ಇದೆಯಾ? ಈ ಕೊನೆಯ ಪ್ರಶ್ನೆ ನೋಡಿ ನನಗೆ ಅಲ್ಲೇ ಅರ್ಧ ಸಮಾಧಾನ ಆಯಿತು. ರೋಮ್‌ನ ಹಳೆಯ ಬೀದಿಗಳಿಗೆ ಹಾಸಿರುವ ಕಪ್ಪು ಕಲ್ಲುಗಳ ಮೇಲೆ ವಯಸ್ಸಾದವರು ನಡೆಯುವುದು ಸುಲಭ ಅಲ್ಲ. ಇವರು ಪ್ರತಿ ಅಂಗಡಿಯಲ್ಲೂ ಕೂರಲು ಜಾಗ ಇಟ್ಟಿದ್ದರು. ಮಾಮೂಲಿ ಟೂರಿನಲ್ಲಿ ಮಾರ್ಕೆಟ್ ಕಟ್ಟೆಗೆ ಒರಗಿ ನಿಂತೇ ತಿನ್ನಬೇಕಾಗಿತ್ತು.

ವಾಕ್ ಶುರುವಾದದ್ದು ಕಾಂಪೊ ದೇ ಫಿಯೊರಿ ಚೌಕದಲ್ಲಿ. ಬೆಳಿಗ್ಗೆ ತರಕಾರಿ ಸಂತೆ, ಮಧ್ಯದಲ್ಲಿ ತಲೆಗೆ ಮುಸುಕು ಹೊದ್ದ ತತ್ವಜ್ಞಾನಿ ಜೊರ್ದಾನೊ ಬ್ರೂನೊ ಪ್ರತಿಮೆ. ಧರ್ಮವಿರೋಧಿ ಅಂತ 1600ರಲ್ಲಿ ಅವನನ್ನು ಅಲ್ಲೇ ಸುಟ್ಟರು. ಪ್ರತಿಮೆ ನಿಲ್ಲಿಸಿದ್ದು 1889ರಲ್ಲಿ. ಅದರ ಕೆಳಗೆ ಟೊಮೆಟೊ, ಬದನೆ ರಾಶಿ. ಗೈಡ್ ಒಂದು ಬೇಕರಿಯಿಂದ ಪಿಜ್ಜಾ ರೊಸ್ಸ ತಂದು ಕೊಟ್ಟರು. ತೆಳ್ಳಗಿನ ರೊಟ್ಟಿಯ ಮೇಲೆ ಟೊಮೆಟೊ ಮತ್ತು ಎಣ್ಣೆ, ಚೀಸ್ ಇಲ್ಲವೇ ಇಲ್ಲ. ಕೆಲವು ಬೇಕರಿಗಳಲ್ಲಿ ಹಿಟ್ಟಿಗೆ ಹಂದಿ ಕೊಬ್ಬು ಹಾಕುತ್ತಾರೆ, ಇಲ್ಲಿ ಹಾಕುವುದಿಲ್ಲ ಅಂತ ಮೊದಲೇ ಹೇಳಿದರು. ನಾವು ಕೇಳುವ ಮೊದಲೇ!

ಅಲ್ಲಿಂದ ಹಳೆಯ ಯಹೂದಿ ಗೆಟ್ಟೊಗೆ. ಈ ವಾಕನ್ನು ನಾನು ಇಷ್ಟು ಹೊಗಳಲು ಮುಖ್ಯ ಕಾರಣ ಈ ಬಡಾವಣೆಯನ್ನು ಅವರು ತೋರಿಸಿದ ರೀತಿ. ಕ್ರಿಸ್ತಪೂರ್ವ ಕಾಲದಿಂದಲೂ ರೋಮ್‌ನಲ್ಲಿದ್ದ ಯಹೂದಿಗಳನ್ನು 1555ರಲ್ಲಿ ನಾಲ್ಕನೇ ಪೌಲ್ ಪೋಪ್ ಟೈಬರ್ ನದಿ ಉಕ್ಕಿ ಬರುವ ಈ ತಗ್ಗು ಜಾಗಕ್ಕೆ ತಳ್ಳಿ, ಸುತ್ತ ಗೋಡೆ ಕಟ್ಟಿಸಿದ. ರಾತ್ರಿ ಬಾಗಿಲಿಗೆ ಬೀಗ. ಮಾಡಬಹುದಾದ ಕಸುಬುಗಳೂ ಕೆಲವೇ, ಹಳೆ ಬಟ್ಟೆ ಮಾರುವುದು ಮುಖ್ಯವಾದದ್ದು. ಮುನ್ನೂರು ವರ್ಷ ಅಲ್ಲಿ ಕೂಡಿಟ್ಟ ಜನ ಅಗ್ಗದ ತರಕಾರಿ, ಎಣ್ಣೆ, ವಿನೆಗರ್ ಇಟ್ಟುಕೊಂಡು ಅಡುಗೆ ಮಾಡಿದರು. ಅವರ ಧರ್ಮದಲ್ಲಿ ಹಂದಿ ನಿಷಿದ್ಧ, ಹಾಗಾಗಿ ಕರಿಯಲು ಹಂದಿ ಕೊಬ್ಬು ಇಲ್ಲ. ಹಾಲಿನದನ್ನೂ ಮಾಂಸದ್ದನ್ನೂ ಬೆರೆಸುವ ಹಾಗಿಲ್ಲ. ಇವತ್ತಿಗೂ ಅಲ್ಲಿನ ಕೋಷರ್, ಅಂದರೆ ಯಹೂದಿ ಧರ್ಮದ ಊಟದ ನಿಯಮ ಪಾಲಿಸುವ ಹೋಟೆಲ್‌ಗಳಲ್ಲಿ ಹಾಲಿನ ಅಡುಗೆಯದು ಬೇರೆ, ಮಾಂಸದ್ದು ಬೇರೆ. ಹಾಲಿನ ಹೋಟೆಲ್ ಅಡುಗೆಮನೆಗೆ ಮಾಂಸ ಕಾಲಿಡುವುದೇ ಇಲ್ಲ! ಮೀನು ಇರಬಹುದು, ಮೊಟ್ಟೆ ಇರಬಹುದು, ಚೀಸ್ ಇದ್ದರೆ ರೆನೆಟ್ ಯಾವುದು ಅಂತ ಕೇಳಬೇಕು, ಅಷ್ಟು ಎಚ್ಚರ ಸಾಕು. ಅತ್ತೆ ಇದನ್ನು ಕೇಳಿದ ಮೇಲೆ ಮೊದಲ ಸಲ ಕುರ್ಚಿಯಲ್ಲಿ ಆರಾಮಾಗಿ ಹಿಂದಕ್ಕೆ ಒರಗಿ ಕೂತರು.

ಅಲ್ಲಿ ತಿಂದದ್ದು ‘ಕಾರ್ಚೋಫಿ ಆಲ್ಲಾ ಜುದೀಯ’ ಎಂಬ ತಿಂಡಿ. ಆರ್ಟಿಚೋಕ್ ಎಂಬ ಹೂಮೊಗ್ಗಿನ ತರಕಾರಿಯನ್ನು ಇಡಿಯಾಗಿ ಕರಿದದ್ದು. ರೋಮ್ ಕಡೆಯ ಆರ್ಟಿಚೋಕ್ ದುಂಡಗೆ ಇರುತ್ತದೆ, ಮುಳ್ಳಿಲ್ಲ. ಹೊರಗಿನ ಗಟ್ಟಿ ಎಸಳು ಸುಲಿದು ನಿಂಬೆ ನೀರಿನಲ್ಲಿ ಹಾಕಿಟ್ಟು ಎರಡು ಸಲ ಕರಿಯುತ್ತಾರೆ. ಮೊದಲು ಸಣ್ಣ ಉರಿಯಲ್ಲಿ ಒಳಗೆಲ್ಲ ಬೇಯುವ ತನಕ. ಆಮೇಲೆ ಎಸಳು ಬಿಡಿಸಿ ಜೋರು ಕಾವಿನಲ್ಲಿ. ಬುಡ ಬೆಣ್ಣೆಯಷ್ಟು ಮೆತ್ತಗೆ ಬೆಂದಿರುತ್ತದೆ, ಎಸಳು ಮಾತ್ರ ಸಂಡಿಗೆಯ ಹಾಗೆ ಕುರುಂ ಅನ್ನುತ್ತದೆ. ಉಪ್ಪು ಬಿಟ್ಟು ಬೇರೇನೂ ಬೇಡ. 2018ರಲ್ಲಿ ಇಸ್ರೇಲಿನ ಮುಖ್ಯ ರಬ್ಬಿಗಳ, ಅಂದರೆ ಯಹೂದಿ ಧರ್ಮಗುರುಗಳ ಕಚೇರಿ, ಇಡೀ ಆರ್ಟಿಚೋಕ್ ಒಳಗೆ ಹುಳ ಇದ್ದರೆ ನೋಡಲಾಗದು, ಆದ್ದರಿಂದ ಇದು ಕೋಷರ್ ಅಲ್ಲ ಅಂದಿತು. ರೋಮ್‌ನ ಯಹೂದಿಗಳು ಸುಮ್ಮನಿರಲಿಲ್ಲ. ನಮ್ಮ ಊರಿನ ಆರ್ಟಿಚೋಕ್ ಬಿಗಿ, ನಮ್ಮ ಅಜ್ಜಿಯರು ತೊಳೆಯುವ ಕ್ರಮ ನಮಗೆ ಗೊತ್ತು ಅಂತ ಮಾಡುತ್ತಲೇ ಇದ್ದಾರೆ. ಇಂಥ ಸಂಗತಿ ತಿನ್ನುವಾಗಲೇ ಕೇಳಿದರೆ ಊರು ಒಳಗೆ ಇಳಿಯುತ್ತದೆ.

ಜೊತೆಗೆ ‘ಕೊಂಚ ದಿ ಝುಕ್ಕೀನೆ’ ಎಂಬ ತಿಂಡಿ ಕೊಟ್ಟರು. ಸೌತೆಯಂತೆ ಕಾಣುವ ಝುಕಿನಿಯ ಬಿಲ್ಲೆ ಕರಿದು, ವಿನೆಗರ್, ಪುದೀನ, ಬೆಳ್ಳುಳ್ಳಿಯಲ್ಲಿ ನೆನೆಸಿಟ್ಟದ್ದು. ಅತ್ತೆ ಅದನ್ನು ಎರಡನೇ ಸಲ ಕೇಳಿ ಹಾಕಿಸಿಕೊಂಡರು.

ಗೆಟ್ಟೊದ ಬೀದಿಯಲ್ಲಿ ಕೆಲವು ಮನೆಗಳ ಮುಂದೆ ಹಿತ್ತಾಳೆ ಹೊದಿಸಿದ ಪುಟ್ಟ ಕಲ್ಲುಗಳಿವೆ, ಹೆಸರು ಕೊರೆದಿರುವವು. 1943ರ ಅಕ್ಟೋಬರ್ 16ರಂದು ನಾಜಿಗಳು ಇಲ್ಲಿಂದಲೂ ಊರಿನ ಬೇರೆ ಕಡೆಯಿಂದಲೂ ಹಿಡಿದು, ಆಮೇಲೆ ಆಶ್ವಿಟ್ಜ್ ಸಾವಿನ ಶಿಬಿರಕ್ಕೆ ಸಾಗಿಸಿದವರು ಸಾವಿರಕ್ಕೂ ಜಾಸ್ತಿ. ತಿರುಗಿ ಬಂದವರು 16 ಜನ. ಗೈಡ್ ಆ ಬೀದಿಯಲ್ಲಿ ಯಾವ ತಿಂಡಿಯನ್ನೂ ಕೊಡಲಿಲ್ಲ. ನಿಂತು, ಹೆಸರುಗಳನ್ನು ಓದಿ, ಮುಂದೆ ಹೋದೆವು. ಅವರ ಮೇಲೆ ನನಗೆ ಗೌರವ ಹೆಚ್ಚಿತು.

ಇನ್ನು ಚೀಸ್. ಅದೇ ಗೋಳಿಗೆ ಇಲ್ಲಿ ಉತ್ತರ ಸಿಕ್ಕಿತು. ಗೈಡ್ ಒಂದು ಅಂಗಡಿಯಲ್ಲಿ ಕಾಚೊಫಿಯೋರೆ ಎಂಬ ಮೆತ್ತನೆಯ ಕುರಿಹಾಲಿನ ಚೀಸ್ ಮುಂದಿಟ್ಟರು. ಇದಕ್ಕೆ ಪ್ರಾಣಿ ರೆನೆಟ್ ಹಾಕುವುದಿಲ್ಲ. ಆರ್ಟಿಚೋಕ್ ಜಾತಿಯದೇ ಒಂದು ಮುಳ್ಳುಗಿಡದ ಹೂವಿನ ನೇರಳೆ ಎಳೆಗಳನ್ನು ನೀರಿನಲ್ಲಿ ನೆನೆಸಿ ಆ ರಸದಿಂದ ಹಾಲು ಗಟ್ಟಿ ಮಾಡುತ್ತಾರೆ. ಈಗಿನವರು ಕಂಡುಹಿಡಿದದ್ದಲ್ಲ. ಮೊದಲನೇ ಶತಮಾನದಲ್ಲಿ ಕೃಷಿಯ ಬಗ್ಗೆ ಬರೆದ ಕೊಲುಮೆಲ್ಲ ಈ ಕ್ರಮವನ್ನು ಹೇಳಿದ್ದಾನೆ. ಸ್ವಲ್ಪ ಕಹಿ ಒಗರು, ಆಮೇಲೆ ಹಾಲಿನ ಸಿಹಿ. ಎರಡು ಸಾವಿರ ವರ್ಷದಿಂದ ಈ ಊರಿನ ಸುತ್ತಮುತ್ತ ಸಸ್ಯಾಹಾರಿಗಳು ತಿನ್ನಬಹುದಾದ ಚೀಸ್ ಇತ್ತು. ಮಾಮೂಲಿ ಟೂರಿನಲ್ಲಿ ಅಷ್ಟೊಂದು ಚೀಸ್ ಕೊಟ್ಟವರು ಇದೊಂದನ್ನು ಕೊಡಬಹುದಿತ್ತು.

ನಾವೇ ಸುತ್ತಿದ್ದು ಹೇಗಿತ್ತು? ಇದು ನನ್ನ ಎರಡನೇ ಆಯ್ಕೆ, ಮಾಮೂಲಿ ಟೂರಿಗಿಂತ ಎಷ್ಟೋ ಮೇಲು. ಖರ್ಚು ತೀರಾ ಕಡಿಮೆ. ತುಂಡು ಪಿಜ್ಜಾ ತೂಕದ ಮೇಲೆ ಮಾರುತ್ತಾರೆ, ಎಷ್ಟು ಬೇಕು ಅಂತ ಕೈಯಲ್ಲಿ ತೋರಿಸಿದರೆ ಕತ್ತರಿಯಿಂದ ಕತ್ತರಿಸಿ ಕೊಡುತ್ತಾರೆ. ನೀರು ಬಿಟ್ಟಿ. ಊರಿನಲ್ಲಿ ಸುಮಾರು 2,500 ಬೀದಿ ನಲ್ಲಿಗಳಿವೆ, ತಣ್ಣಗಿನ ಒಳ್ಳೆಯ ನೀರು. ನಲ್ಲಿಯ ಬಾಯನ್ನು ಬೆರಳಿನಿಂದ ಮುಚ್ಚಿದರೆ ಮೇಲಿನ ತೂತಿನಿಂದ ಚಿಮ್ಮುತ್ತದೆ, ಬಾಟಲಿ ಇಲ್ಲದಿದ್ದರೂ ಕುಡಿಯಬಹುದು. ಗಂಡನಿಗೆ ಇದೇ ಇಷ್ಟವಾಯಿತು. ಗಡಿಯಾರ ನೋಡದೆ, ಟಿಬೆರೀನ ದ್ವೀಪಕ್ಕೆ ಹೋಗುವ ಫಾಬ್ರಿಚೊ ಸೇತುವೆಯ ಮೇಲೆ ಸುಮ್ನೆ ನಿಂತಿದ್ದರು. ಕ್ರಿಸ್ತಪೂರ್ವ 62ರ ಸೇತುವೆ ಅದು, ಇನ್ನೂ ಜನ ಓಡಾಡುತ್ತಾರೆ.

ತೊಂದರೆ ಒಂದೇ, ಎಲ್ಲವನ್ನೂ ನಾವೇ ಕೇಳಬೇಕು. ಸುಪ್ಲಿ ಎಂಬ ಕರಿದ ಅನ್ನದ ಉಂಡೆ ನೋಡಿದರೆ ಬಾಯಲ್ಲಿ ನೀರು ಬರುತ್ತದೆ. ಆದರೆ ಹಳೆಯ ಕ್ರಮದ ಸುಪ್ಲಿಯಲ್ಲಿ ಮಾಂಸದ ಸಾಸ್ ಇರುತ್ತದೆ. ಕರಿದ ಕುಂಬಳ ಹೂವಿನ ಒಳಗೆ ಮೊಝರೆಲ್ಲ ಜೊತೆ ಆಂಚೊವಿ ಮೀನು. ಪುಂತಾರೆಲ್ಲೆ ಸೊಪ್ಪಿನ ಸಲಾಡಿಗೂ ಅದೇ ಮೀನಿನ ಡ್ರೆಸ್ಸಿಂಗ್. ಕರಿಯುವ ಅಂಗಡಿಗಳಲ್ಲಿ ಬಕಾಲ ಎಂಬ ಉಪ್ಪು ಮೀನನ್ನೂ ಅದೇ ಎಣ್ಣೆಗೆ ಬಿಡುತ್ತಾರೆ. ಸಿಹಿ ತಿಂಡಿಗಳಲ್ಲೂ ಅಷ್ಟೇ, ಪನ್ನ ಕೋತ್ತದಲ್ಲಿ ಪ್ರಾಣಿಗಳ ಮೂಳೆ, ಚರ್ಮದಿಂದ ತೆಗೆಯುವ ಜೆಲಟಿನ್, ತಿರಮಿಸುವಿನಲ್ಲಿ ಹಸಿ ಮೊಟ್ಟೆ. ತಾಜಾ ಪಾಸ್ತಾದಲ್ಲಿ ಸಾಮಾನ್ಯವಾಗಿ ಮೊಟ್ಟೆ ಇರುತ್ತದೆ, ಒಣ ಪಾಸ್ತಾದಲ್ಲಿ ಸಾಮಾನ್ಯವಾಗಿ ಇರುವುದಿಲ್ಲ. ಇಷ್ಟನ್ನೆಲ್ಲ ತಲೆಯಲ್ಲಿಟ್ಟುಕೊಂಡು, ಕ್ಯೂ ಹಿಂದೆ ಬೆಳೆಯುತ್ತಿರುವಾಗ ಕೌಂಟರಿನಲ್ಲಿ ನಿಂತು ಕೇಳುವಷ್ಟರಲ್ಲಿ ಪಕ್ಕದಲ್ಲಿರುವ ಪ್ಯಾಂಥಿಯನ್ ಎಂಬ ಪುರಾತನ ದೇಗುಲ ಮರೆತೇ ಹೋಗುತ್ತದೆ. ಹ್ಯಾಪಿಕೌ ಆ್ಯಪ್ ಹೋಟೆಲ್ ಹುಡುಕಲು ಒಳ್ಳೆಯದು, ಆದರೆ ಯಾವ ಎಣ್ಣೆಯಲ್ಲಿ ಏನು ಕರಿದಿದ್ದಾರೆ ಅಂತ ಅದು ಹೇಳಲಾರದು. ಶುಕ್ರವಾರ ಸಂಜೆಯಿಂದ ಶನಿವಾರ ಕತ್ತಲಾಗುವ ತನಕ ಗೆಟ್ಟೊದ ಕೋಷರ್ ಅಂಗಡಿಗಳು ಮುಚ್ಚಿರುತ್ತವೆ, ಅದನ್ನೂ ನೀವೇ ನೆನಪಿಟ್ಟುಕೊಳ್ಳಬೇಕು.

ದುಡ್ಡಿನ ಲೆಕ್ಕ. ಸಸ್ಯಾಹಾರಿ ವಾಕಿಗೆ ಒಬ್ಬರಿಗೆ 90 ಯೂರೋ ಆಸುಪಾಸು ಕೊಟ್ಟೆವು. ಮಾಮೂಲಿ ಟೂರ್ ಅದಕ್ಕಿಂತ ಸ್ವಲ್ಪವೇ ಕಡಿಮೆ. ನಾವೇ ಸುತ್ತಿದಾಗ ಒಬ್ಬರಿಗೆ 25 ಯೂರೋ ಕೂಡ ದಾಟಲಿಲ್ಲ, ಹೊಟ್ಟೆ ಮಾತ್ರ ತುಂಬಿತ್ತು. ಮೂರು ಜನರ ತಲಾ 90 ಯೂರೋವನ್ನು ಸೇರಿಸಿ ರೂಪಾಯಿಗೆ ಬದಲಿಸಿ ನೋಡಿದರೆ ಎದೆ ಧಸಕ್ ಅನ್ನುತ್ತದೆ, ನಿಜ. ಆದರೂ ನಮ್ಮ ಮನೆಯ ಬಜೆಟ್ಟಿನಲ್ಲಿ ನಾನು ಮತ್ತೆ ಇದಕ್ಕೇ ಕೊಡುತ್ತೇನೆ. ಬೇಕಿದ್ದರೆ ಒಂದು ರಾತ್ರಿಯ ಹೋಟೆಲ್ ರೂಮು ಸ್ವಲ್ಪ ದೂರದಲ್ಲಿ, ಅಗ್ಗದ್ದು ಹಿಡಿಯುತ್ತೇನೆ.

ನಮ್ಮಂಥ ಮನೆಯವರಿಗೆ ನಾನು ಹೇಳುವುದು ಇಷ್ಟು: ಊರಿಗೆ ಇಳಿದ ಮೊದಲ ದಿನವೇ ಸಸ್ಯಾಹಾರಿ ವಾಕ್ ಇಟ್ಟುಕೊಳ್ಳಿ. ಯಾವ ತಿಂಡಿಯಲ್ಲಿ ಏನಿರುತ್ತದೆ, ಏನು ಕೇಳಬೇಕು, ಯಾವ ಬೇಕರಿ ನಂಬಬಹುದು ಎಲ್ಲ ಅಂದೇ ತಿಳಿಯುತ್ತದೆ. ಉಳಿದ ದಿನ ಅದೇ ಅಂಗಡಿಗಳನ್ನು ಹಿಡಿದು ನೀವೇ ಸುತ್ತಿ. ಮಾಮೂಲಿ ಟೂರ್ ಬೇಡವೇ ಬೇಡ. ಜೊತೆಗೆ ಮಾಂಸ ತಿನ್ನುವ ಸ್ನೇಹಿತರಿದ್ದರೆ ಅವರೊಬ್ಬರೇ ಹೋಗಿ ಬರಲಿ, ನೀವು ಆ ಹೊತ್ತಿಗೆ ಮಾಂತೆ ತೆಸ್ತಾಚೊ ಸುತ್ತ ಒಂದು ರೌಂಡ್ ಹಾಕಿ ಬನ್ನಿ. ವಾಕ್ ಬುಕ್ ಮಾಡುವಾಗ ‘ವೆಜಿಟೇರಿಯನ್’ ಅಂತ ಬರೆದು ಬಿಟ್ಟುಬಿಡಬೇಡಿ. ಮಾಂಸ ಇಲ್ಲ, ಮೀನಿಲ್ಲ, ಮೊಟ್ಟೆ ಇಲ್ಲ, ಪ್ರಾಣಿ ರೆನೆಟ್ ಇಲ್ಲ, ಹಂದಿ ಕೊಬ್ಬಿಲ್ಲ ಅಂತ ಒಂದೊಂದಾಗಿ ಬರೆಯಿರಿ. ಬಂದ ಉತ್ತರದಲ್ಲಿ ರೆನೆಟ್ ಬಗ್ಗೆ ಒಂದು ಮಾತೂ ಇಲ್ಲದಿದ್ದರೆ ಬೇರೆಯವರನ್ನು ಹುಡುಕಿ. ತಿಂಗಳು ನಿಮ್ಮ ಕೈಯಲ್ಲಿದ್ದರೆ ಫೆಬ್ರವರಿಯಿಂದ ಏಪ್ರಿಲ್ ಒಳಗೆ ಹೋಗಿ, ರೋಮ್ ಕಡೆಯ ಆರ್ಟಿಚೋಕ್ ತಾಜಾ ಸಿಗುವುದು ಆಗಲೇ.